ಹೆಣಕ್ಕೆ ಕೊಟ್ಟ ನೋಟೀಸು

“ಸಾಬ್ರೇ, ನೀವು ನೋಟೀಸು ಕೊಟ್ಟಿದ್ದು ನಮ್ಮ ಮಾವಗಲ್ಲ. ನಮ್ಮ ಮಾವನ ಹೆಣಕ್ಕೆ.”

ಮೌಲಾಸಾಬರ ಕೈ ನಿಂತಿತು. ಹೊನ್ನಾಳಿ ಕೋರ್ಟಿನ ಹಿಂದೆ, ಬೇವಿನ ಮರದಡಿ ಕೂತು ಅವರು ಕಳಚಿಬಿದ್ದ ಸೈಕಲ್ ಚೈನು ಕೂರಿಸುತ್ತಿದ್ದರು. ತಲೆಯೆತ್ತಿದರು. ಎದುರಿಗೆ ಸಾಸ್ವೆಹಳ್ಳಿಯ ಅಂಜಮ್ಮ. ಮೂವತ್ತೂ ತುಂಬದ ಹೆಂಗಸು, ಗಂಡ ಸತ್ತು ಮೂರು ವರ್ಷ. ಮಾವ ಉಚ್ಚಂಗೆಪ್ಪ, ಭಾವ ಓಂಕಾರಪ್ಪ, ಇಬ್ಬರ ಮೇಲೂ ಪಾಲಿನ ದಾವೆ ಹೂಡಿದವಳು. ಆ ದಾವೆಯ ನೋಟೀಸನ್ನು ಉಚ್ಚಂಗೆಪ್ಪನಿಗೆ ಮುಟ್ಟಿಸಿ ಬಂದವರು ಇದೇ ಮೌಲಾಸಾಬ್.

ಅಮೀನರ ಕೆಲಸವೇ ಅದು. ಕೋರ್ಟಿನ ಕಾಗದವನ್ನು ಊರೂರಿಗೆ ಒಯ್ಯಬೇಕು, ಓದಿ ಹೇಳಬೇಕು, ಸಹಿಯನ್ನೋ ಹೆಬ್ಬೆಟ್ಟನ್ನೋ ಹಾಕಿಸಿಕೊಂಡು ಬಂದು ರಿಪೋರ್ಟು ಬರೆಯಬೇಕು. ಹೋಟೆಲಿನಲ್ಲಿ ಕೂತು ಚಾ ಕುಡಿಯುತ್ತಾ ಸುಳ್ಳು ರಿಪೋರ್ಟು ಬರೆಯುವ ಅಮೀನರೂ ಲೋಕದಲ್ಲಿ ಉಂಟು. ಮೌಲಾಸಾಬ್ ಆ ಪೈಕಿ ಅಲ್ಲ. ಇಪ್ಪತ್ತೊಂಬತ್ತು ವರ್ಷ ಸೈಕಲ್ ತುಳಿದಿದ್ದರು. ಅವರ ರಿಪೋರ್ಟಿಗೆ ಒಂದು ದಿನವೂ ಯಾರೂ ಬೆರಳು ತೋರಿಸಿರಲಿಲ್ಲ.

“ತಲೆ ನೆಟ್ಟಗೈತೇನವ್ವಾ ನಿನಗೆ?” ಎಂದರು. “ಮಾರ್ಚ್ ಹನ್ನೆರಡು, ಸೋಮವಾರ, ಮಟಮಟ ಮಧ್ಯಾಹ್ನ. ನಾನೇ ಕೈಯಾರೆ ಹೆಬ್ಬೆಟ್ಟು ಒತ್ತಿಸ್ಕಂಡೀನಿ. ನಿಮ್ಮ ಮಾವ ಸತ್ತಿದ್ದು ಮಾರನೇ ದಿನ ಬೆಳಗಿನ ಜಾವ. ಊರಿಗೆಲ್ಲ ಗೊತ್ತೈತೆ.”

“ಊರಿಗೆ ಗೊತ್ತಿರಾದು ನಮ್ಮ ಭಾವ ಹೇಳಿದ್ದು. ದಿನಾ ಕೋಳಿ ಕೂಗಾಕೆ ಮುಂಚೆ ಮಾವ ಕೆಮ್ಮಿಕೆಂತ ಎಮ್ಮೆ ತಾವ ಬರೋರು. ಸೋಮವಾರ ಕೆಮ್ಮಲಿಲ್ಲ. ನಡುವೆ ಗೋಡೆ ಹಾಕ್ಯಾರೆ, ಸೂರು ಮಾತ್ರ ಒಂದೇ ಐತಲ್ರೀ. ಅವರ ಒಲೆ ಹೊಗೆ ನನ್ನ ಕಡೀಗೇ ಬರ್ತೈತೆ. ಸೋಮವಾರ ಹೊಗೆನೇ ಇಲ್ಲ. ಬೆಳಗ್ಗೂ ಇಲ್ಲ, ಸಂಜೀಗೂ ಇಲ್ಲ. ಬರೀ ಊದುಬತ್ತಿ ವಾಸ್ನೆ.”

“ಅದಕ್ಕೆ?”

“ಹೆಣ ಇರೋ ಮನ್ಯಾಗೆ ಯಾರಾದ್ರೂ ಒಲೆ ಹಚ್ತಾರೇನ್ರೀ? ನಮ್ಮ ವಾರಗಿತ್ತಿ ಶಂಕರಮ್ಮ, ಗಂಡ ಹೇಳಿದ್ದಕ್ಕೆಲ್ಲ ತಲೆ ಆಡಿಸ್ತಾಳೆ. ಒಲೆ ಹಚ್ಚಾಕೆ ಮಾತ್ರ ಅವಳಿಗೆ ಕೈ ಬಂದಿರಾಕಿಲ್ಲ.”

“ಈ ಮಾತು ನಾಲ್ಕು ತಿಂಗಳು ಎಲ್ಲಿ ಮಲಗಿತ್ತು?”

“ಆಗ ನಂಗೇನು ಹೊಳೀತೈತೆ? ಈಗ ಭಾವ ವಿಲ್ ತಂದು ಕೋರ್ಟಿಗೆ ಹಾಕ್ಯಾನೆ. ಆ ಸೋಮವಾರ ಸಂಜೆ ಬರೆಸಿದ್ದಂತೆ. ನೋಟೀಸು ಕಂಡು ನನ್ ಮ್ಯಾಲೆ ಸಿಟ್ಟಾಗಿ, ಗಂಜಿ ಕುಡಿದು, ಎದ್ದು ಕುಂತು, ಹೊಲ ಮನೆ ಎಲ್ಲ ದೊಡ್ಡಮಗಗೇ ಅಂತ ಹೆಬ್ಬೆಟ್ಟು ಒತ್ತಿದ್ರಂತೆ. ಒಲೆ ಹಚ್ಚದ ಮನ್ಯಾಗೆ ಗಂಜಿ ಎಲ್ಲಿಂದ ಬಂತು, ನೀವೇ ಹೇಳ್ರಿ!” ಅವಳ ದನಿ ಒಡೆಯಿತು. “ಸಾಯಾಕೆ ವಾರ ಮುಂಚೆ ಮಾವ ಮನೆದೇವರಿಗೆ ಮುಡಿ ಕೊಟ್ಟು ಬಂದಾಗ ಗೋಡೆ ಮ್ಯಾಲಿಂದ ಪ್ರಸಾದ ನೀಡಿದ್ರು. ‘ಕೋರ್ಟಿಗೆ ಹೋಗಿದ್ದು ಒಳ್ಳೇದೇ ಆತು ಬಿಡವ್ವಾ, ಇವನ ಕೂಡೆ ನನ್ ಕೈಲೂ ಆಗಾಕಿಲ್ಲ’ ಅಂದಿದ್ರು. ಅಂಥವ್ರು ನನ್ನನ್ನ ಬೀದಿಗೆ ಹಾಕ್ತಾರೇನ್ರೀ?”

ವಿಷಯ ಇಷ್ಟೇ. ಮುದುಕನಿಗೆ ಹೆಂಡತಿ ಇಲ್ಲ, ಹೆಣ್ಣುಮಕ್ಕಳಿಲ್ಲ. ವಿಲ್ ಇಲ್ಲದೆ ಸತ್ತಿದ್ದರೆ ಅರ್ಧ ಓಂಕಾರಪ್ಪನಿಗೆ, ಅರ್ಧ ಅಂಜಮ್ಮನಿಗೆ. ಆಸ್ತಿಯೆಲ್ಲ ಮುದುಕನ ಸ್ವಂತ ದುಡಿಮೆಯದು, ಬೇಕಾದವರಿಗೆ ಬರೆದುಕೊಡಬಹುದು. ವಿಲ್ ನಿಂತರೆ ಅಂಜಮ್ಮನಿಗೆ ತಲೆ ಮೇಲಿನ ಸೂರೂ ಇಲ್ಲ. ವಿಲ್ ನಿಲ್ಲಬೇಕಾದರೆ ಸೋಮವಾರ ಮುದುಕ ಬದುಕಿರಬೇಕು. ಬದುಕಿದ್ದನೆಂದು ಹೇಳುವವರು ಯಾರು? ಕೋರ್ಟಿನ ಅಮೀನ. ಓಂಕಾರಪ್ಪ ತನ್ನ ಮೊದಲನೇ ಸಾಕ್ಷಿಯೆಂದು ಬರೆಸಿದ್ದು ಮೌಲಾಸಾಬರ ಹೆಸರನ್ನು.

“ಹೋಗವ್ವಾ,” ಎಂದರು ಮೌಲಾಸಾಬ್. “ನನ್ನ ರಿಪೋರ್ಟು ಸುಳ್ಳಾಗಾಕಿಲ್ಲ.”

ಹೇಳಿದ್ದು ಗಟ್ಟಿಯಾಗಿಯೇ. ಆದರೆ ಚೈನು ಎರಡು ಸಲ ಕೈ ಜಾರಿತು.

*

ನೋಟೀಸು ಕೊಟ್ಟಂದು ಆದದ್ದನ್ನು ಮೌಲಾಸಾಬ್ ಮನಸ್ಸಿನಲ್ಲೇ ತಿರುವಿಹಾಕಿದರು.

ಶನಿವಾರವೇ ಒಮ್ಮೆ ಹೋಗಿದ್ದರು. ಮುದುಕ ಹೊಲಕ್ಕೆ ಹೋಗಿದ್ದ. “ಸೋಮವಾರ ಮಧ್ಯಾಹ್ನ ಬರ್ತೀನಿ, ಮನ್ಯಾಗಿರಾಕೆ ಹೇಳಪ್ಪಾ,” ಎಂದು ಓಂಕಾರಪ್ಪನಿಗೆ ಹೇಳಿ ಬಂದಿದ್ದರು. ಯಾರನ್ನೂ ಕಳ್ಳರಂತೆ ಹಿಡಿಯಬಾರದು ಎಂಬುದು ಅವರ ಪದ್ಧತಿ.

ಸೋಮವಾರ ಹೋದಾಗ ಓಂಕಾರಪ್ಪ ಬಾಗಿಲಲ್ಲೇ ಕಾಯುತ್ತಿದ್ದ. “ಬರ್ರಿ ಅಮೀನ್ರೇ. ಅಪ್ಪಗೆ ಜ್ವರ, ತಣ್ಣೀರು ಬಟ್ಟೆ ಹಾಕ್ತಿದ್ವಿ.” ಒಳಕೋಣೆಗೆ ಕಿಟಕಿ ಇಲ್ಲ. ಮಂಚದ ಮೇಲೆ ಮುದುಕ, ತಲೆತುಂಬ ಕಂಬಳಿ. ಮೂಗು, ಮುಚ್ಚಿದ ಕಣ್ಣು ಕಂಡವು. ಮೌಲಾಸಾಬ್ ಹೊಸಿಲ ಮೇಲೆ ನಿಂತು ನೋಟೀಸು ಓದಿದರು. “ತಿಳೀತಾ ಯಜಮಾನ್ರೇ?” ಓಂಕಾರಪ್ಪ ಅಪ್ಪನ ಮುಖದ ಮೇಲೆ ಬಗ್ಗಿದ. “ಹ್ಞೂಂ” ಎಂದು ಕೇಳಿಸಿತು. ಕಂಬಳಿಯಿಂದ ಎಡಗೈ ಹೊರಗೆ ಬಂತು. ಹೊರಗೆಳೆದು ಕೊಟ್ಟವನು ಓಂಕಾರಪ್ಪ. ಕೈ ತಣ್ಣಗಿತ್ತು, ಒದ್ದೆಯಾಗಿತ್ತು. ಬಗ್ಗಲಿಲ್ಲ. “ಸಂದುವಾತ ಕಣ್ರೀ, ಮಡಚಾಕೆ ಬರಾಕಿಲ್ಲ.” ಮೌಲಾಸಾಬ್ ಕಾಗದವನ್ನೇ ಕೈಯ ಹತ್ತಿರ ಒಯ್ದು, ತಮ್ಮ ತಗಡಿನ ಡಬ್ಬಿಯ ಇಂಕು ಹಚ್ಚಿ ಒತ್ತಿದರು. ಕೋರ್ಟಿನಿಂದ ಕೊಡುವ ನೇರಳೆ ಬಣ್ಣದ ಇಂಕು. ಗುರುತು ಚೆನ್ನಾಗಿಯೇ ಮೂಡಿತ್ತು.

ಯಾರೋ ಬೇರೆ ಮುದುಕನನ್ನು ಮಲಗಿಸಿದ್ದರೋ? ಇದು ಮೊದಲು ಹೊಳೆದ ಅನುಮಾನ. ಉಚ್ಚಂಗೆಪ್ಪನ ಮುಖ ಅವರಿಗೆ ಅಷ್ಟೇನೂ ಪರಿಚಯವಿರಲಿಲ್ಲ.

ಕಾಗದಪತ್ರ ಕಾಯುವ ಗುಮಾಸ್ತ ದೊಡ್ಡಣ್ಣ ಅವರ ಹಳೇ ಗೆಳೆಯ. “ಒಂದು ಫೈಲು ನೋಡಾದೈತೆ ಮಾರಾಯಾ, ಭೂತಗನ್ನಡಿ ತಗಾ,” ಎಂದರು. ಮೂರು ಕಾಗದ ಸಾಲಾಗಿ ಹರಡಿದರು. ಇಪ್ಪತ್ತು ವರ್ಷದ ಹಿಂದೆ ಮುದುಕ ಹೊಲ ಕೊಂಡ ಕ್ರಯಪತ್ರ. ನೋಟೀಸು. ವಿಲ್.

“ಕುಡುಗೋಲು ತಾಗಿದ ಗಾಯ ನೋಡು, ಅಡ್ಡಕ್ಕೆ,” ಎಂದ ದೊಡ್ಡಣ್ಣ. “ಮೂರರಾಗೂ ಐತೆ. ವಿಲ್ಲಿನ ಮೇಲಿಂದು ಒಂಚೂರು ಮಾಸಲು, ಅಷ್ಟೇಯ. ಒಂದೇ ಹೆಬ್ಬೆಟ್ಟು ಸಾಬ್ರೇ. ಬೇರೆ ಮಾತೇ ಇಲ್ಲ.”

ಮೌಲಾಸಾಬ್ ಉಸಿರು ಬಿಟ್ಟರು. ಬದಲಿ ಮನುಷ್ಯ ಅಲ್ಲ. ತಾವು ಒತ್ತಿಸಿಕೊಂಡದ್ದು ಉಚ್ಚಂಗೆಪ್ಪನ ಹೆಬ್ಬೆಟ್ಟೇ. ಪಾಪ, ಆ ಹುಡುಗಿಗೆ ದುಃಖಕ್ಕೆ ಏನೇನೋ ಕಾಣಿಸಿದೆ. ಮನೆಗೆ ಹೋಗಿ ಹೆಂಡತಿ ತಾಜ್‌ಬೀಗೆ ಹೇಳಿದರು. “ಸದ್ಯ, ಬಚಾವಾದ್ರಿ. ಇನ್ನು ಏಳು ತಿಂಗಳು ಐತೆ ರಿಟೈರಾಗಾಕೆ. ಯಾರ ಮನೆ ಜಗಳಕ್ಕೂ ತಲೆ ಹಾಕಬ್ಯಾಡ್ರಿ,” ಎಂದಳು ಅವಳು.

ಅಷ್ಟಕ್ಕೆ ಬಿಟ್ಟಿದ್ದರೆ ಆಗುತ್ತಿತ್ತು. ಆದರೆ ಆ “ಹ್ಞೂಂ” ಕಿವಿಯಲ್ಲೇ ಕೂತುಬಿಟ್ಟಿತ್ತು.

*

ಎರಡು ದಿನ ಬಿಟ್ಟು ಸಾಸ್ವೆಹಳ್ಳಿಯಲ್ಲೇ ಇನ್ನೊಬ್ಬರಿಗೆ ನೋಟೀಸು ಕೊಡುವುದಿತ್ತು. ಆ ಕೆಲಸ ಮುಗಿಸಿ ಮೌಲಾಸಾಬ್ ಅರಳಿಕಟ್ಟೆಯ ಬಳಿ ಕೂತಿದ್ದ ಕ್ಷೌರದ ಪಾಪಣ್ಣನ ಮುಂದೆ ಗಡ್ಡ ಕೊಟ್ಟು ಕೂತರು.

“ಉಚ್ಚಂಗೆಪ್ಪ ತೀರಿಕೆಂಡಾಗ ನೀನೇ ಹೋಗಿದ್ದೇನಪ್ಪಾ?”

“ನಾನಲ್ದೆ ಇನ್ಯಾರು? ಈ ಊರಾಗೆ ಸತ್ತೋರಿಗೂ ನಾನೇ, ಇದ್ದೋರಿಗೂ ನಾನೇ. ಮಂಗಳವಾರ ಹೊತ್ತು ಮೂಡಿತ್ತು, ಕರಿಯಾಕೆ ಬಂದ್ರು. ಈಗ ಒಂದು ತಾಸಾತು ಜೀವ ಹೋಗಿ ಅಂದ್ರು. ತಲೆ ಕೆಲಸ ಇರಲಿಲ್ಲ ಬಿಡ್ರಿ, ಮುಡಿ ಕೊಟ್ಟು ಬೋಳು ಮಾಡಿಸ್ಕಂಡಿದ್ರು. ಗಡ್ಡ ಅಷ್ಟೇ.” ಕತ್ತಿಯಿಂದಲೇ ದವಡೆ ತೋರಿಸಿದ. “ಗಡ್ಡ ಕೆರೆಯಾಕೆ ದವಡೆ ತಿರುಗಿಸ್ತೀನಿ, ತಿರುಗವಲ್ದು. ಕೊರಡಾಗಿತ್ತು ಸಾಬ್ರೇ.”

“ವಿಷ ಗಿಷ?”

“ಏ, ಇಲ್ಲಪ್ಪ. ಬಾಯಾಗೆ ನೊರೆ ಇಲ್ಲ, ಉಗುರು ನೀಲಿ ಇಲ್ಲ. ವಯಸ್ಸಾಗಿತ್ತು, ನಿದ್ದ್ಯಾಗೆ ಹೋಗ್ಯಾರೆ. ಆದ್ರೆ ಒಂದು ತಾಸಿನ ಹೆಣ ಮೆತ್ತಗಿರ್ತೈತೆ, ಬೆಚ್ಚಗಿರ್ತೈತೆ. ಎಷ್ಟು ಹೆಣ ನೋಡಿಲ್ಲ ನಾನು? ಅದು ಒಪ್ಪತ್ತಿಗಿಂತ ಜಾಸ್ತಿ ಆಗಿದ್ದ ಹೆಣ. ಎಡಗೈ ಹೆಬ್ಬೆಟ್ಟು ನೇರಳೆಹಣ್ಣು ತಿಂದಂಗಿತ್ತು. ಎಣ್ಣೆ ಹಚ್ಚಿ ಉಜ್ಜಿದೆ, ಪೂರ್ತಿ ಹೋಗಲಿಲ್ಲ. ಆಮೇಲೆ ತಲೆಗೆ ರುಮಾಲು ಸುತ್ತಿ ಹೆಂಗೋ ಕುಂಡ್ರಿಸಿದ್ವಿ. ನೆಂಟರು ಬರೋ ಹೊತ್ತಿಗೆ ಸಿಂಗಾರ ಎಲ್ಲ ಮುಗಿದಿತ್ತು.”

“ಇದನ್ನ ಕೋರ್ಟಾಗೆ ಹೇಳ್ತೀಯಾ?”

ಪಾಪಣ್ಣ ಕತ್ತಿ ಒರೆಸಿ ಮಡಚಿಬಿಟ್ಟ. ಅರ್ಧ ಗಡ್ಡ ಇನ್ನೂ ಹಾಗೇ ಇತ್ತು. “ನನ್ನ ಗುಡಿಸಲು ಇರಾದು ಓಂಕಾರಪ್ಪನ ಜಾಗದಾಗೆ. ನಾನೇನೂ ಹೇಳಿಲ್ಲ, ನೀವೇನೂ ಕೇಳಿಲ್ಲ.”

ಮಾತು ಮುಗಿಯುವುದಕ್ಕೂ ಓಂಕಾರಪ್ಪ ಕಟ್ಟೆಯ ಹತ್ತಿರ ಬರುವುದಕ್ಕೂ ಸರಿಹೋಯಿತು. ನೂರು ವರ್ಷ ಆಯುಸ್ಸು ಮಹಾರಾಯನಿಗೆ! ಬಿಳಿ ಅಂಗಿ, ಬಾಯಿ ತುಂಬ ಎಲೆ ಅಡಿಕೆ.

“ಏನು ಅಮೀನ್ರೇ, ಅರ್ಧ ಗಡ್ಡದಾಗೇ ಊರು ಸುತ್ತಾಕೆ ಹತ್ತೀರಿ?” ನಗುತ್ತಲೇ ಪಕ್ಕದಲ್ಲಿ ಕೂತ. ದನಿ ತಗ್ಗಿಸಿದ. “ಅಂಜಮ್ಮ ನಿಮ್ಮ ಹತ್ರ ಬಂದಿದ್ಲಂತೆ. ಬರ್ಲಿ. ಹೆಣ್ಣು ಹೆಂಗಸು, ಬಾಯಿಗೆ ಬಂದಂಗೆ ಅಂತಾಳೆ. ನಿಮ್ಮ ರಿಪೋರ್ಟು ನಿಮ್ಮ ಕೈಬರಹ. ‘ಖುದ್ದು ಓದಿ ಹೇಳಲಾಗಿ, ತಿಳಿದುಕೊಂಡು ಹೆಬ್ಬೆಟ್ಟು ಹಾಕಿರುತ್ತಾರೆ’ ಅಂತ ಬರೆದೀರಿ. ಅದು ಸುಳ್ಳು ಅಂದ್ರೆ ನಾನೇನು ಕಳಕಳ್ಳಾದು? ಜೈಲು ನಿಮಗೆ. ಹೌದೋ ಅಲ್ಲೋ?”

ಮೌಲಾಸಾಬ್ ಟವೆಲಿನಿಂದ ಸೋಪಿನ ನೊರೆ ಒರೆಸಿಕೊಂಡರು. ಎದ್ದು ಸೈಕಲ್ ಹತ್ತಿದರು.

ಸೈಕಲ್ ತುಳಿಯುತ್ತಾ ಬೈದುಕೊಂಡರು, ಅವನನ್ನಲ್ಲ, ತಮ್ಮನ್ನೇ. ತಮ್ಮ ಸಾಚಾತನವನ್ನೇ ಆ ಮನುಷ್ಯ ಬೇಲಿಯ ಗೂಟ ಮಾಡಿಕೊಂಡಿದ್ದಾನೆ. ಸಾಕ್ಷಿಕಟ್ಟೆ ಹತ್ತಿ “ಬದುಕಿದ್ದ” ಅಂದರೆ ಅಂಜಮ್ಮ ಬೀದಿಪಾಲು. “ಸತ್ತಿದ್ದ” ಅಂದರೆ ತಾವು ಬೀದಿಪಾಲು. ನುಂಗಿದರೆ ಗಂಟಲು ಸುಡುವ, ಉಗುಳಿದರೆ ಬಾಯಿ ಸುಡುವ ಬಿಸಿತುಪ್ಪ ಇದು. ಅಷ್ಟಕ್ಕೂ ಸತ್ತಿದ್ದ ಎನ್ನುವುದಕ್ಕೆ ಏನಿದೆ ಕೈಯಲ್ಲಿ? ಹಚ್ಚದ ಒಲೆಯೊಂದು, ಬಾಯಿ ಬಿಡದ ಕ್ಷೌರಿಕನೊಬ್ಬ.

*

ವಿಚಾರಣೆಗೆ ಎರಡು ದಿನ ಮುಂಚೆ ಕೋರ್ಟಿನ ಜಗಲಿಯಲ್ಲಿ ಜನ ಜಾತ್ರೆ. ಯಾವುದೋ ಹೊಡೆದಾಟದ ಕೇಸು, ಹತ್ತು ಹನ್ನೆರಡು ಜನ ಜಾಮೀನಿಗೆ ಬಂದಿದ್ದರು. ಗುಮಾಸ್ತ ಒಬ್ಬೊಬ್ಬರನ್ನೇ ಕರೆದು ಹೆಬ್ಬೆಟ್ಟು ಒತ್ತಿಸುತ್ತಿದ್ದ. ಮೌಲಾಸಾಬ್ ಬೆಂಚಿನ ಮೇಲೆ ಸುಮ್ಮನೆ ನೋಡುತ್ತಾ ಕೂತಿದ್ದರು.

ಮೊದಲನೆಯವ ಒತ್ತಿದ. ಹಿಂದಕ್ಕೆ ಸರಿದು ಬೆರಳನ್ನು ತಲೆಗೂದಲಿಗೆ ತೀಡಿಕೊಂಡ. ಎರಡನೆಯವ ಒತ್ತಿದ, ತಲೆಗೆ ತೀಡಿಕೊಂಡ. ಮೂರನೆಯವನೂ ಅಷ್ಟೇ. ಒಬ್ಬ ಹೆಂಗಸು ಒತ್ತಿದವಳೇ ಕಂಬಕ್ಕೆ ಉಜ್ಜಿದಳು. ಆ ಕಂಬ ಆಳೆತ್ತರದವರೆಗೆ ಇಂಕುಮಯ, ಎಷ್ಟು ಸುಣ್ಣ ಬಳಿದರೂ ಅಷ್ಟೇ. ಯಾರೂ ಯಾರಿಗೂ ಹೇಳಿಕೊಟ್ಟಿದ್ದಲ್ಲ. ಬೆರಳಿಗೆ ಇಂಕು ಹತ್ತಿದ ತಕ್ಷಣ ಕೈ ತಾನಾಗಿ ತಲೆಗೆ ಹೋಗುತ್ತದೆ. ಹಾಸಿಗೆ ಹಿಡಿದವರೂ ಕೊನೆಗೆ ಕೌದಿಗಾದರೂ ಒರೆಸಿಕೊಳ್ಳುತ್ತಾರೆ.

ಮೌಲಾಸಾಬರಿಗೆ ಆ ಕತ್ತಲ ಕೋಣೆ ಕಣ್ಣಿಗೆ ಕಟ್ಟಿತು. ಒತ್ತಿಸಿಕೊಂಡ ಮೇಲೆ ಅವರು ಕೈ ಬಿಟ್ಟಿದ್ದರು. ಆ ಕೈ ಬಿಟ್ಟಲ್ಲೇ ಇತ್ತು. ಕಂಬಳಿಯ ಮೇಲೆ, ಹೆಬ್ಬೆಟ್ಟು ಮೇಲಕ್ಕಾಗಿ, ನೇರಳೆ ಇಂಕು ಹಸಿಹಸಿಯಾಗಿ. ಒರೆಸಿಕೊಳ್ಳಲಿಲ್ಲ. ಒಳಗೂ ಎಳೆದುಕೊಳ್ಳಲಿಲ್ಲ.

“ಯಾ ಅಲ್ಲಾ,” ಎಂದರು. ಎದ್ದು ನಿಂತರು, ಮತ್ತೆ ಕೂತರು. ತಾವು ಹಿಡಿದಿದ್ದು ಹೆಣದ ಕೈ.

ಆಮೇಲೆ ಒಂದಕ್ಕೊಂದು ತಾನಾಗಿ ಕೂಡಿಕೊಂಡಿತು. ದೊಡ್ಡಣ್ಣನ ಬಳಿಗೆ ಓಡಿ ವಿಲ್ ಮತ್ತೊಮ್ಮೆ ನೋಡಿದರು. ಮಾಸಲು ಗುರುತು. ಬಣ್ಣ ನೇರಳೆ. ಕೆಳಗೆ ಇಬ್ಬರು ಸಾಕ್ಷಿಗಳು. ಒಬ್ಬ ನ್ಯಾಮತಿಯ ಪತ್ರ ಬರೆಯುವವ, ವಿಲ್ ಕೋರ್ಟಿಗೆ ಬಂದ ವಾರದಿಂದ ಊರಲ್ಲೇ ಇಲ್ಲ. ಇನ್ನೊಬ್ಬ ಅಂಜಿನಪ್ಪ, ಶಂಕರಮ್ಮನ ತಮ್ಮ, ಚನ್ನಗಿರಿಯಲ್ಲಿ ಟೈಲರು. ಮೌಲಾಸಾಬ್ ಆ ಹೆಸರನ್ನೇ ಬಹಳ ಹೊತ್ತು ನೋಡಿದರು.

ಮನೆಗೆ ಹೋಗಿ ತಾಜ್‌ಬೀಗೆ ಎಲ್ಲ ಹೇಳಿದರು. ಅವಳು ಮೊರದಲ್ಲಿ ಅಕ್ಕಿ ಆರಿಸುತ್ತಿದ್ದಳು. ಕೈ ನಿಲ್ಲಿಸಲಿಲ್ಲ.

“ನಿಮ್ಮನ್ನ ಹಿಡ್ಕಂಡು ಹೋಗ್ತಾರೇನ್ರೀ?”

“ಗೊತ್ತಿಲ್ಲ. ಹೋದ್ರೂ ಹೋದಾರು.”

“ಸುಮ್ನಿದ್ರೆ?”

“ಸುಮ್ನಿದ್ರೆ ಏನೂ ಆಗಾಕಿಲ್ಲ. ಯಾರಿಗೂ ಗೊತ್ತಾಗಾಕಿಲ್ಲ.”

ತಾಜ್‌ಬೀ ಒಂದು ಕಲ್ಲು ಹೆಕ್ಕಿ ಬಿಸಾಕಿದಳು.

*

“ಮಾರ್ಚ್ ಹನ್ನೆರಡರ ಮಧ್ಯಾಹ್ನ ಉಚ್ಚಂಗೆಪ್ಪನವರಿಗೆ ನೋಟೀಸು ಜಾರಿ ಮಾಡಿದ್ದು ನೀವೇ?” ಓಂಕಾರಪ್ಪನ ವಕೀಲರು ಕೇಳಿದರು.

“ನಾನೇ ಸ್ವಾಮಿ.”

“ಈ ರಿಪೋರ್ಟು ನಿಮ್ಮದೇ ಕೈಬರಹ?”

“ನಂದೇ.”

“ಅಂದರೆ ಆ ಹೊತ್ತಿಗೆ ಉಚ್ಚಂಗೆಪ್ಪನವರು ಬದುಕಿದ್ದರು.”

ಕೋರ್ಟು ತುಂಬಿತ್ತು. ಬಾಗಿಲಲ್ಲಿ ಸಾಸ್ವೆಹಳ್ಳಿಯ ಜನ ಕತ್ತು ಉದ್ದ ಮಾಡಿ ನಿಂತಿದ್ದರು. ಮುಂದಿನ ಬೆಂಚಿನಲ್ಲಿ ಓಂಕಾರಪ್ಪ ಕಾಲ ಮೇಲೆ ಕಾಲು ಹಾಕಿ ಕೂತಿದ್ದ. ಅಂಜಮ್ಮ ಗೋಡೆಗೆ ಒರಗಿದ್ದಳು. ಮೌಲಾಸಾಬ್ ಸಾಕ್ಷಿಕಟ್ಟೆಯ ಕಟಕಟೆ ಹಿಡಿದರು.

“ಇಲ್ಲ ಸ್ವಾಮಿ. ಸತ್ತಿದ್ರು.”

ವಕೀಲರ ಕೈಯ ಕಾಗದ ಕೆಳಗೆ ಬಿತ್ತು. ಗದ್ದಲವೋ ಗದ್ದಲ. ಮುನ್ಸೀಫರು ಮೇಜು ಕುಟ್ಟಿದರು. “ಅಮೀನರೇ, ನಿಮ್ಮ ರಿಪೋರ್ಟು ಸುಳ್ಳೆಂದು ನೀವೇ ಹೇಳುತ್ತಿದ್ದೀರಿ. ಇದರ ಪರಿಣಾಮ ಗೊತ್ತೇ?”

“ಗೊತ್ತೈತೆ ಸ್ವಾಮಿ. ಬೇಕಂತ ಸುಳ್ಳು ಬರೀಲಿಲ್ಲ. ಮೋಸ ಹೋದೆ. ಆದ್ರೂ ಬರೆದೋನು ನಾನೇ.”

“ದುಡ್ಡು ತಿಂದಿದ್ದಾರೆ ಸ್ವಾಮಿ!” ವಕೀಲರು ಕೂಗಿದರು. “ಸಾವಿರಾರು ಜನರ ಹೆಬ್ಬೆಟ್ಟು ಒತ್ತಿಸಿದವರಿಗೆ ಹೆಣ ಯಾವುದು, ಮನುಷ್ಯ ಯಾವುದು ಗೊತ್ತಾಗಲಿಲ್ಲವಂತೆ!”

“ಅದೇ ಸ್ವಾಮಿ, ಸಾವಿರಾರು ಒತ್ತಿಸಿದ್ದಕ್ಕೇ ಗೊತ್ತಾಗಿದ್ದು,” ಎಂದರು ಮೌಲಾಸಾಬ್. ದನಿ ಈಗ ಗಟ್ಟಿಯಾಗಿತ್ತು. ಬೆರಳು ಒರೆಸಿಕೊಳ್ಳದ ಆ ಕೈಯ ಮಾತು ಹೇಳಿದರು. ತಣ್ಣನೆ ಕೈ, ಮಡಚದ ಕೈ, ಕಂಬಳಿಯ ಮೇಲೆ ಬಿಟ್ಟಲ್ಲೇ ಇದ್ದ ಕೈ. “ಒಬ್ಬ ಸಾಕ್ಷಿ ಹೊರಗೆ ಕುಂತಾನೆ. ಅಂಜಿನಪ್ಪ. ಸಂಜೆ ಕಣ್ಣಾರೆ ನೋಡೀನಿ ಅಂತ ವಿಲ್ಲಿಗೆ ಸಹಿ ಹಾಕ್ಯಾನೆ. ತಾವೇ ಒಂದು ಪ್ರಶ್ನೆ ಕೇಳ್ರಿ ಸ್ವಾಮಿ. ಯಜಮಾನ್ರು ಹೆಬ್ಬೆಟ್ಟು ಒತ್ತಿದ ಮ್ಯಾಲೆ ಇಂಕು ಎಲ್ಲಿ ಒರೆಸಿಕೆಂಡ್ರು ಅಂತ. ಅಷ್ಟೇ.”

ಓಂಕಾರಪ್ಪ ಕಾಲು ಇಳಿಸಿ ಎದ್ದ. “ನೀರು ಕುಡಿದು ಬರ್ತೀನಿ ಬುದ್ಧೀ.”

“ಕೂತುಕೊಳ್ಳಿ,” ಎಂದರು ಮುನ್ಸೀಫರು. “ಯಾರೂ ಹೊರಗೆ ಹೋಗಕೂಡದು. ಸಾಕ್ಷಿಯನ್ನು ಕರೆಯಿರಿ.”

ಅಂಜಿನಪ್ಪ ಬಂದ. ಇಸ್ತ್ರಿ ಹಾಕಿದ ಶರ್ಟು, ಎಣ್ಣೆ ಹಚ್ಚಿ ಬಾಚಿದ ತಲೆ. ಪ್ರಮಾಣ ಮಾಡಿದ. ಕಲಿತುಕೊಂಡು ಬಂದದ್ದನ್ನೆಲ್ಲ ಗಿಣಿಪಾಠದಂತೆ ಒಪ್ಪಿಸಿದ. ಸೋಮವಾರ ಸಂಜೆ, ಭಾವನ ಮನೆ, ಮಾವ ಗಂಜಿ ಕುಡಿದರು, ಎದ್ದು ಕೂತರು, ಹೆಬ್ಬೆಟ್ಟು ಒತ್ತಿದರು. ಓಂಕಾರಪ್ಪ ಕೆಮ್ಮಿದ. ಮತ್ತೆ ಕೆಮ್ಮಿದ. ಅಂಜಿನಪ್ಪ ಆ ಕಡೆ ನೋಡಲಿಲ್ಲ. ಕಣ್ಣು ತಪ್ಪಿದರೆ ಪಾಠ ಮರೆತುಹೋಗುತ್ತಿತ್ತು.

“ಒತ್ತಿದ ಮೇಲೆ ಬೆರಳಿನ ಇಂಕನ್ನು ಏನು ಮಾಡಿದರು?” ಮುನ್ಸೀಫರು ಹಗುರವಾಗಿ ಕೇಳಿದರು.

ಇದು ಪಾಠದಲ್ಲಿ ಇರಲಿಲ್ಲ. ಆದರೂ ಅಂಜಿನಪ್ಪನಿಗೆ ನಗು ಬಂತು. ಇದೂ ಒಂದು ಪ್ರಶ್ನೆಯೇ? “ಎಲ್ಲರೂ ಮಾಡ್ದಂಗೇ ಬುದ್ಧೀ. ತಲೆಗೆ ಒರೆಸಿಕೆಂಡ್ರು.”

“ನೀವು ನೋಡಿದಿರಾ?”

“ಮುಂದೇ ಕುಂತಿದ್ದೆ ಬುದ್ಧೀ! ಹಿಂಗೆ ಕೂದಲಾಗೆ ತೀಡಿಕೆಂಡ್ರು. ಮಾವಂದು ಬೆಳ್ಳನೆ ಕೂದಲಲ್ರೀ, ಒತ್ತಾಗಿ. ಕರೀ ಇಂಕು ಎದ್ದು ಕಾಣಾಕೆ ಹತ್ತಿತ್ತು.”

ಬಾಗಿಲಲ್ಲಿ ನಿಂತ ಜನ ಒಮ್ಮೆಲೇ ಉಸಿರು ಎಳೆದುಕೊಂಡರು. ಓಂಕಾರಪ್ಪ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡ.

“ಸ್ವಾಮಿ,” ಎಂದರು ಮೌಲಾಸಾಬ್, “ಯಜಮಾನ್ರ ತಲ್ಯಾಗೆ ಅವತ್ತು ಒಂದೆಳೆ ಕೂದಲಿರಲಿಲ್ಲ. ಅದಕ್ಕೆ ವಾರ ಮುಂಚೆ ದೇವರಿಗೆ ಮುಡಿ ಕೊಟ್ಟಿದ್ರು. ಅಂಜಿನಪ್ಪ ಚನ್ನಗಿರಿಯೋನು. ಮಣ್ಣಿಗೆ ಬಂದಾಗ ಹೆಣದ ತಲೆಗೆ ರುಮಾಲು ಸುತ್ತಿದ್ರು. ಅವನಿಗೆ ಹೆಂಗೆ ಗೊತ್ತಾಗಬೇಕು?”

“ಓಂಕಾರಪ್ಪ, ನಿಮ್ಮ ತಂದೆ ಮುಡಿ ಕೊಟ್ಟಿದ್ದು ನಿಜವೇ?”

ಉತ್ತರ ಬಂದದ್ದು ಬಾಗಿಲಿನಿಂದ. “ನಿಜ ಬುದ್ಧೀ! ಮಂಗಳವಾರ ಹೆಣದ ಗಡ್ಡ ಮಾಡಿದೋನು ನಾನು. ತಲೆ ಬೋಳಿತ್ತು. ಮೈ ಸೆಟೆದಿತ್ತು. ಹೆಬ್ಬೆಟ್ಟಿನಾಗೆ ನೇರಳೆ ಇಂಕಿತ್ತು. ಬೇಕಾದ್ರೆ ನನ್ನ ಗುಡಿಸಲು ಕಿತ್ತು ಹಾಕ್ಲಿ!” ಪಾಪಣ್ಣ. ಹೇಳಿದ ಮೇಲೆ ತಾನೇ ಗಾಬರಿಯಾಗಿ ಪಕ್ಕದವನ ಹಿಂದೆ ನಿಂತ.

ಅಂಜಿನಪ್ಪನ ಧೈರ್ಯ ಅಷ್ಟಕ್ಕೇ ಮುಗಿಯಿತು. “ನಂಗೇನೂ ಗೊತ್ತಿಲ್ಲ ಬುದ್ಧೀ, ತಿಥಿಗೆ ಹೋದಾಗ ಭಾವ ಸಹಿ ಹಾಕು ಅಂದ, ಹಾಕಿದೆ,” ಎಂದು ಅಳತೊಡಗಿದ.

ಮುನ್ಸೀಫರು ನೋಟೀಸನ್ನೂ ವಿಲ್ಲನ್ನೂ ಅಕ್ಕಪಕ್ಕ ಇಟ್ಟುಕೊಂಡರು. “ಎರಡೂ ನೇರಳೆ. ಕರೀ ಇಂಕು ಎಲ್ಲಿ?”

“ಇನ್ನೊಂದು ಇಂಕು ಇರಲೇ ಇಲ್ಲ ಸ್ವಾಮಿ,” ಎಂದರು ಮೌಲಾಸಾಬ್. “ಆ ನೇರಳೆ ಕೋರ್ಟಿಂದು, ನನ್ನ ಡಬ್ಬೀದು. ಶನಿವಾರ ಹೋದಾಗ ಸೋಮವಾರ ಬರ್ತೀನಿ ಅಂತ ನಾನೇ ಹೇಳಿ ಬಂದಿದ್ದೆ. ಸೋಮವಾರ ಬೆಳಕು ಹರಿಯೋ ಹೊತ್ತಿಗೆ ಯಜಮಾನ್ರ ಜೀವ ಹೋಗಿತ್ತು. ಆಗ ಸಾವು ಹೊರಗೆ ಬಿದ್ರೆ ಅರ್ಧ ಆಸ್ತಿ ತಮ್ಮನ ಹೆಂಡ್ತಿಗೆ. ಅಮೀನ ಬಂದು ‘ಬದುಕಿದ್ದ’ ಅಂತ ಬರಕೊಟ್ರೆ ಅದಕ್ಕಿಂತ ದೊಡ್ಡ ಸಾಕ್ಷಿ ಯಾವುದೈತೆ? ಸಾವು ಮುಚ್ಚಿಟ್ರು. ‘ಹ್ಞೂಂ’ ಅಂದೋನು ಮಗ. ತಣ್ಣೀರು ಬಟ್ಟೆ ಅಂದಿದ್ದು, ಕೈ ತಣ್ಣಗಿದ್ದದ್ದಕ್ಕೆ ನಂಗೆ ಅನುಮಾನ ಬರಬಾರ್ದು ಅಂತ. ನಾನು ಹೊಸಿಲು ದಾಟಿದ ಕೂಡ್ಲೇ, ಒರೆಸದೆ ಇದ್ದ ಅದೇ ಇಂಕಿನಾಗೆ ಆ ಹೆಬ್ಬೆಟ್ಟನ್ನ ಖಾಲಿ ಬಿಳೀ ಕಾಗದಕ್ಕೆ ಒತ್ತಿದ್ರು. ಎರಡನೇ ಸಲ ಒತ್ತಿದ್ದಕ್ಕೇ ಮಾಸಲು. ವಿಲ್ ಆಮೇಲೆ ಬರೆಸಿದ್ದು.”

ಪೊಲೀಸರು ಅವತ್ತೇ ಸಾಸ್ವೆಹಳ್ಳಿಗೆ ಹೋದರು. ಶಂಕರಮ್ಮನನ್ನು ಎರಡನೇ ಸಲ ಕೇಳಬೇಕಾಗಲಿಲ್ಲ. ನಾಲ್ಕು ತಿಂಗಳು ಹೊಟ್ಟೆಯೊಳಗೆ ಇಟ್ಟುಕೊಂಡಿದ್ದನ್ನು ಒಂದೇ ಉಸಿರಿಗೆ ಕಕ್ಕಿದಳು. “ಊರೋರಿಗೆ ಅನುಮಾನ ಬರ್ತೈತೆ, ಒಲೆ ಹಚ್ಚು ಅಂತ ಹೊಡೆದ್ರು. ಹಚ್ಚಲಿಲ್ಲ. ಮಾವನ್ನ ಒಳಗಿಟ್ಕಂಡು ನಾನು ಹೆಂಗೆ ಅಡುಗೆ ಮಾಡ್ಲಿ?”

*

ಸಾಯಂಕಾಲ ನಾಲ್ಕಕ್ಕೆ ಮೌಲಾಸಾಬರ ಕೈಗೆ ಒಂದು ಕಾಗದ ಬಂತು. ಕೊಟ್ಟವನು ಕಿರಿಯ ಅಮೀನ. ಕೊಡುವಾಗ ಮುಖ ನೋಡಲಿಲ್ಲ.

ಗೇಟಿನ ಹೊರಗೆ ಅಂಜಮ್ಮ ನಿಂತಿದ್ದಳು. ಅವರನ್ನು ಕಂಡು ಎರಡೂ ಕೈ ಮುಗಿದಳು. “ಮನೆಗೆ ಹೋಗವ್ವಾ. ಬಸ್ಸು ತಪ್ತೈತೆ,” ಎಂದರು ಮೌಲಾಸಾಬ್.

ತಾಜ್‌ಬೀ ಬಾಗಿಲಲ್ಲೇ ಕೂತಿದ್ದಳು. ಗಂಡನನ್ನು ಕಂಡವಳೇ ಎದ್ದು, ಅವರ ಹಿಂದೆ ಬೀದಿಯುದ್ದಕ್ಕೂ ನೋಡಿದಳು. ಬೇರೆ ಯಾರೂ ಬರುತ್ತಿರಲಿಲ್ಲ.

“ಆ ಹುಡುಗಿಗೆ ಏನಾತು?”

“ಇನ್ನು ವಿಲ್ ನಿಲ್ಲಾಕಿಲ್ಲ. ಅರ್ಧ ಮನೆ, ಅರ್ಧ ಹೊಲ ಅವಳಿಗೇ.”

“ನಿಮಗೆ?”

ಮೌಲಾಸಾಬ್ ಕಾಗದ ಚಾಚಿದರು. ಅವಳಿಗೆ ಓದು ಬಾರದು. “ಓದ್ರಿ,” ಎಂದಳು.

ಹೊಸಿಲ ಮೇಲೆ ನಿಂತು ಅವರು ಓದಿದರು. ಊರೂರಲ್ಲಿ ಓದಿದ ಹಾಗೆಯೇ, ಒಂದು ಅಕ್ಷರ ಬಿಡದೆ. ಸುಳ್ಳು ವರದಿಯ ಕಾರಣ ಇಂದಿನಿಂದಲೇ ಕೆಲಸದಿಂದ ಅಮಾನತು. ಇಲಾಖೆಯ ವಿಚಾರಣೆ ಮುಗಿಯುವವರೆಗೆ ಅರ್ಧ ಸಂಬಳ. ಊರು ಬಿಟ್ಟು ಹೋಗತಕ್ಕದ್ದಲ್ಲ. ಕೊನೆಯ ಸಾಲಿಗೆ ಬರುವಷ್ಟರಲ್ಲಿ ಅವರ ದನಿ ನಿಂತುಹೋಯಿತು. ಕಣ್ಣಲ್ಲಿ ನೀರು ಬಂತು. ಒರೆಸಿಕೊಳ್ಳುವುದಕ್ಕೂ ನಾಚಿಕೆಯಾಯಿತು.

“ಅಷ್ಟೇನಾ?” ಎಂದಳು ತಾಜ್‌ಬೀ.

“ಅಷ್ಟೇ.”

“ಥೂ ನಿಮ್ಮ! ಜೈಲಿಗೆ ಹಾಕ್ತಾರೇನೋ ಅಂತ ಬೆಳಗ್ಗಿಂದ ಒಂದು ಗುಟುಕು ನೀರು ಮುಟ್ಟಿಲ್ಲ ನಾನು.”